ವಕೀಲರು ಹೋಗ್ಲಿಲ್ಲ, ಅಪೀಲು ವಜಾ ಆಯ್ತು, ಮುಂದೇನು?

ಪ್ರಶ್ನೆ: ಜಮೀನು ಪಾಲಿನ ಕೇಸಲ್ಲಿ ಜಿಲ್ಲಾ ಕೋರ್ಟಿಗೆ ಅಪೀಲು ಹಾಕಿದ್ದೆ ಸರ್. ವಕೀಲರು ಎರಡ್ಮೂರು ಸಲ ಹೋಗ್ದೆ ವಜಾ ಆಗಿದೆ, ನಂಗೆ ಗೊತ್ತಾಗಿದ್ದೇ ಐದು ತಿಂಗ್ಳಾದ್ಮೇಲೆ. ಎಲ್ಲಾ ಮುಗೀತಾ?

ಉತ್ತರ: ಮುಗಿದಿಲ್ಲ, ಧೈರ್ಯವಾಗಿರಿ, ಆದ್ರೆ ಇನ್ನೊಂದು ದಿನನೂ ತಡ ಮಾಡ್ಬೇಡಿ. ಅಪೀಲು ಹಾಕಿದವ್ರು ಗೈರಾದ್ರೆ ಸಿಪಿಸಿ (ಸಿವಿಲ್ ಕೇಸ್ ನಡೆಸೋ ವಿಧಾನದ ಕಾನೂನು) ಆರ್ಡರ್ 41 ರೂಲ್ 17ರಲ್ಲಿ ವಜಾ ಮಾಡ್ತಾರೆ, ಅದು ನಿಮ್ಮ ಹಕ್ಕು ಸರಿನೋ ತಪ್ಪೋ ಅಂತ ಕೊಟ್ಟ ತೀರ್ಪಲ್ಲ, ಹಾಗಾಗಿ ರೂಲ್ 19ರಲ್ಲಿ ಅಪೀಲನ್ನ ಮತ್ತೆ ಫೈಲಿಗೆ ತಗೊಳ್ಳಿ ಅಂತ ಅರ್ಜಿ ಹಾಕ್ಬಹುದು. ಅದಕ್ಕಿರೋದು ವಜಾ ಆದ ದಿನದಿಂದ 30 ದಿನ ಮಾತ್ರ, ನಿಮ್ದು ದಾಟಿಹೋಗಿದೆ, ಅದಕ್ಕೆ ಲಿಮಿಟೇಷನ್ ಆಕ್ಟ್ (ಕೇಸ್, ಅರ್ಜಿ ಹಾಕೋ ಗಡುವಿನ ಕಾನೂನು) ಸೆಕ್ಷನ್ 5ರಲ್ಲಿ ವಿಳಂಬ ಮನ್ನಿಸಿ ಅಂತ ಇನ್ನೊಂದು ಅರ್ಜಿ ಜೊತೆಗೇ ಬೇಕು.

ಅರ್ಜಿ ಜೊತೆ ಪ್ರಮಾಣ ಮಾಡಿ ಕೊಡೋ ಹೇಳಿಕೆ, ಅಂದ್ರೆ ಅಫಿಡವಿಟ್‌ನಲ್ಲಿ "ವಕೀಲರು ಹೇಳ್ಲಿಲ್ಲ" ಅಂತ ಒಂದೇ ಸಾಲು ಬರೆಸ್ಬೇಡಿ ದಯವಿಟ್ಟು. ಯಾವತ್ತು ಫೋನ್ ಮಾಡಿದ್ರಿ, ಅವ್ರು ಏನಂದ್ರು, ವಾಟ್ಸಾಪ್ ಮೆಸೇಜು, ಫೀಸ್ ಕೊಟ್ಟ ರಸೀದಿ, ಎಲ್ಲಾ ತಾರೀಖಿನ ಸಮೇತ ಇರ್ಲಿ. 1981ರ ರಫೀಕ್ ಕೇಸಲ್ಲಿ ಸುಪ್ರೀಂ ಕೋರ್ಟು, ವಕೀಲರ ತಪ್ಪಿಗೆ ಕಕ್ಷಿದಾರ ನರಳಬಾರದು ಅಂತ ಅಪೀಲಿಗೆ ಮತ್ತೆ ಜೀವ ಕೊಟ್ಟಿತ್ತು. ಆದ್ರೆ ನೀವೂ ಕೇಸ್ ಮೇಲೆ ಕಣ್ಣಿಟ್ಟಿದ್ರಾ ಅಂತ ಜಡ್ಜ್ ಕೇಳೇ ಕೇಳ್ತಾರೆ.

ಹಾಂ, ಅಪೀಲಲ್ಲಿ ಸ್ಟೇ ಸಿಕ್ಕಿದ್ರೆ ಅದೂ ಈಗ ಹೋಗಿರತ್ತೆ. ಎದುರು ಪಾರ್ಟಿ ಫೈನಲ್ ಡಿಕ್ರಿಗೆ (ಪಾಲು ಹಂಚಿ ಕೊಡೋ ಕೊನೆ ಆದೇಶಕ್ಕೆ) ಅರ್ಜಿ ಹಾಕಿದಾರಾ ಅಂತ ಇವತ್ತೇ ಈ-ಕೋರ್ಟ್ಸ್ ಆಪಲ್ಲಿ ನೋಡಿ.