ಮದರಸಾದ ಇಸವಿ, ಉರುಸಿನ ತಿಂಗಳು, ಗೋಗಿಯ ಗೋರಿಗಳು

ಓದುಗರ ಪ್ರಶ್ನೆ, ನಮ್ಮ ಉತ್ತರ

ಬಹಮನಿ ವಜೀರ ಮಹಮೂದ್ ಗವಾನರು ಬೀದರಿನಲ್ಲಿ ಮದರಸಾ ಕಟ್ಟಿದ ವರ್ಷ ‘ರಬ್ಬನಾ ತಖಬ್ಬಲ್ ಮಿನ್ನಾ’ ಎಂಬ ಮಾತಿನಲ್ಲಿ ಅಡಗಿದೆಯಂತೆ. ಅಕ್ಷರಗಳ ಬೆಲೆ ಹಾಕಿ ಕೂಡಿಸಿದರೆ ನನಗೆ 930 ಬರುತ್ತದೆ. ಅದಕ್ಕೆ 622 ಸೇರಿಸಿದರೆ 1552. ಗವಾನರು ತೀರಿಕೊಂಡದ್ದೇ 1481ರಲ್ಲಿ. ನಾನು ತಪ್ಪಿದ್ದು ಎಲ್ಲಿ?
— ಪದವಿ ವಿದ್ಯಾರ್ಥಿನಿ, ಬೀದರ್

ಎರಡು ಕಡೆ ತಪ್ಪಿದ್ದೀರಿ. ಎರಡೂ ಕನ್ನಡ ಬಲ್ಲವರು ಸಹಜವಾಗಿ ಮಾಡುವ ತಪ್ಪುಗಳೇ. ಮಾತು ಕುರಾನಿನದು. ಕಾಬಾದ ಗೋಡೆ ಎಬ್ಬಿಸುವಾಗ ಇಬ್ರಾಹಿಂ ಮತ್ತು ಇಸ್ಮಾಯಿಲ್ ಮಾಡಿದ ಪ್ರಾರ್ಥನೆ ಅದು: ‘ಒಡೆಯಾ, ನಮ್ಮಿಂದ ಇದನ್ನು ಸ್ವೀಕರಿಸು’. ಕಟ್ಟಡಕ್ಕೆ ಇದಕ್ಕಿಂತ ಒಪ್ಪುವ ಮಾತು ಸಿಗದು. ಅದರ ಅಕ್ಷರಗಳ ಮೊತ್ತವೂ ಕಟ್ಟಿದ ವರ್ಷಕ್ಕೇ ಸರಿಹೊಂದುವುದು ಆ ಕಾಲದ ಕವಿಯೊಬ್ಬನ ಕಣ್ಣಿಗೆ ಬಿತ್ತು.

ಒಂದೊಂದು ಅರಬ್ಬಿ ಅಕ್ಷರಕ್ಕೆ ಒಂದೊಂದು ಸಂಖ್ಯೆಯ ಬೆಲೆ ಕೊಡುವ ಈ ಲೆಕ್ಕಕ್ಕೆ ಅಬ್ಜದ್ ಎನ್ನುತ್ತಾರೆ. ಇದರಲ್ಲಿ ಬೆಲೆ ಬರೆದ ಅಕ್ಷರಕ್ಕೇ ಹೊರತು ಉಚ್ಚಾರಕ್ಕಲ್ಲ. ‘ರಬ್ಬನಾ’ ಎಂದು ನಾವು ಬಕಾರಕ್ಕೆ ಒತ್ತು ಕೊಟ್ಟು ಬರೆಯುತ್ತೇವೆ. ಅರಬ್ಬಿಯಲ್ಲಿ ಅಲ್ಲಿರುವುದು ಒಂದೇ ‘ಬೇ’, ಅದರ ತಲೆಯ ಮೇಲೆ ಒತ್ತು ತೋರಿಸುವ ಸಣ್ಣ ಗುರುತು, ಅಷ್ಟೇ. ಆ ಗುರುತಿಗೆ ಬೆಲೆಯಿಲ್ಲ. ಹ್ರಸ್ವ ಸ್ವರಗಳ ಗುರುತಿಗೂ ಇಲ್ಲ. ಈಗ ಮತ್ತೆ ಕೂಡಿಸಿ:

ರಬ್ಬನಾ: ರೇ 200, ಬೇ 2, ನೂನ್ 50, ಅಲಿಫ್ 1. ಒಟ್ಟು 253.
ತಖಬ್ಬಲ್: ತೇ 400, ಖಾಫ್ 100, ಬೇ 2, ಲಾಮ್ 30. ಒಟ್ಟು 532.
ಮಿನ್ನಾ: ಮೀಮ್ 40, ನೂನ್ 50, ಅಲಿಫ್ 1. ಒಟ್ಟು 91.

ಮೂರೂ ಸೇರಿ 876. ನೀವು ಎರಡು ‘ಬೇ’ಗಳನ್ನೂ ಒಂದು ‘ನೂನ್’ಅನ್ನೂ ಎರಡೆರಡು ಸಲ ಎಣಿಸಿದ್ದೀರಿ. ಹೆಚ್ಚಾದ 54 ಬಂದದ್ದು ಅಲ್ಲಿಂದ.

ಎರಡನೆಯ ತಪ್ಪು, ಹಿಜರಿ (ಇಸ್ಲಾಮಿ ಚಾಂದ್ರಮಾನ) ಶಕೆ ಶುರುವಾದ 622ನ್ನು ನೇರವಾಗಿ ಸೇರಿಸಿದ್ದು. ಹಾಗೆ ಮಾಡಿದರೆ 876 ಕೂಡ 1498 ಆಗುತ್ತದೆ, ಅಂದರೆ ಗವಾನರು ತೀರಿ ಹದಿನೇಳು ವರ್ಷದ ಮೇಲೆ. ಹಿಜರಿ ವರ್ಷಕ್ಕೆ 354 ಅಥವಾ 355 ದಿನ, ಹಾಗಾಗಿ 33 ಹಿಜರಿ ವರ್ಷ ನಮ್ಮ 32 ವರ್ಷಕ್ಕೆ ಸಮ. ಮೊದಲು ಹಿಜರಿ ವರ್ಷವನ್ನು 33ರಿಂದ ಭಾಗಿಸಿ, ಬಂದದ್ದನ್ನು ಅದರಿಂದಲೇ ಕಳೆದು, ಆಮೇಲೆ 622 ಸೇರಿಸಬೇಕು. 876ನ್ನು 33ರಿಂದ ಭಾಗಿಸಿದರೆ ಸುಮಾರು ಇಪ್ಪತ್ತಾರೂವರೆ. ಕಳೆದರೆ 849½, 622 ಸೇರಿಸಿದರೆ 1471½. ಹಿಜರಿ 876 ಶುರುವಾದದ್ದು 1471ರ ಜೂನ್‌ನಲ್ಲಿ, ಮುಗಿದದ್ದು 1472ರ ಜೂನ್‌ನಲ್ಲಿ. ಅದಕ್ಕೇ ಒಂದು ಪುಸ್ತಕದಲ್ಲಿ 1471, ಇನ್ನೊಂದರಲ್ಲಿ 1472 ಎಂದು ಕಾಣುವುದು. ಶಾಸನದಲ್ಲಿ ತಿಂಗಳ ಹೆಸರಿಲ್ಲದಿದ್ದರೆ ‘1471–72’ ಎಂದು ಎರಡೂ ಬರೆಯುವುದೇ ಸರಿ.

ನೀವು ಮುಂದೆಯೂ ಇಂಥ ಲೆಕ್ಕ ಮಾಡುವವರಂತೆ ಕಾಣುತ್ತೀರಿ, ಆದ್ದರಿಂದ ಇನ್ನೆರಡು ಮಾತು. ಪಾರಸಿ ಮತ್ತು ಉರ್ದುವಿನಲ್ಲಿ ಸೇರಿಕೊಂಡ ಅಕ್ಷರಗಳಿಗೆ ಅವುಗಳ ಅರಬ್ಬಿ ಅಣ್ಣನ ಬೆಲೆಯನ್ನೇ ಕೊಡಬೇಕು: ‘ಪೇ’ಗೆ ಬೇಯ 2, ‘ಚೇ’ಗೆ ಜೀಮ್‌ನ 3, ‘ಗಾಫ್’ಗೆ ಕಾಫ್‌ನ 20. ಇನ್ನು, ನಮ್ಮ ಭಾಗದ ಹಳೆಯ ಜಮೀನು ಕಾಗದಗಳಲ್ಲಿ ಕಾಣುವ ಫಸಲಿ ವರ್ಷ ಹಿಜರಿ ಅಲ್ಲ. ಅದು ಸೌರ ಲೆಕ್ಕ, 590 ಸೇರಿಸಿದರೆ ಸಾಕು. ಫಸಲಿ 1357 ಅಂದರೆ 1947ರಲ್ಲಿ ಶುರುವಾದ ವರ್ಷ.

ಗವಾನ್ ಎಂಬುದು ಊರಿನ ಹೆಸರು. ಇರಾನಿನ ಉತ್ತರಕ್ಕೆ, ಕ್ಯಾಸ್ಪಿಯನ್ ಸಮುದ್ರದ ದಂಡೆಯ ಗೀಲಾನ್ ಸೀಮೆಯಲ್ಲಿದ್ದ ಹಳ್ಳಿ ಅದು. ವ್ಯಾಪಾರಕ್ಕೆಂದು 1453ರಲ್ಲಿ ಬೀದರಿಗೆ ಬಂದವರು ವಜೀರರಾದರು. ಕೊಂಡಪಲ್ಲಿಯ ಬೀಡಿನಲ್ಲಿ, ಖೊಟ್ಟಿ ಪತ್ರವೊಂದನ್ನು ನಂಬಿದ ಸುಲ್ತಾನನ ಅಪ್ಪಣೆಯಂತೆ 1481ರ ಏಪ್ರಿಲ್ 5ರಂದು ಅವರ ತಲೆ ಹೋಯಿತು. ಮದರಸಾದ ಅರ್ಧ ಮುಖ ಇಂದು ಇಲ್ಲ. ಅದನ್ನು ಕೆಡವಿದ್ದು ದಾಳಿಯಲ್ಲ. ಮೊಗಲರ ಕಾಲದಲ್ಲಿ ಒಳಗೆ ಕೂಡಿಟ್ಟಿದ್ದ ಸಿಡಿಮದ್ದು 1696ರ ಹೊತ್ತಿಗೆ ಸಿಡಿದು ಒಂದು ಮಿನಾರೂ ಮುಂಗೋಡೆಯೂ ಹೋದವು. ಉಳಿದ ಮಿನಾರಿನ ನೀಲಿ ಹೆಂಚುಗಳನ್ನು ಬೆಳಗಿನ ಹೊತ್ತು ನೋಡಿ, ಆ ಮುಖ ಪೂರ್ವಕ್ಕಿದೆ.

ಬಂದೇ ನವಾಜರ ಉರುಸು ಪ್ರತಿ ವರ್ಷ ಹಿಂದಕ್ಕೆ ಸರಿಯುತ್ತದೆ. ಅಷ್ಟೂರಿನ ಅಹ್ಮದ್ ಶಾಹನ ಜಾತ್ರೆ ಮಾತ್ರ ಹೋಳಿಯ ಆಸುಪಾಸಿನಲ್ಲೇ ಬರುತ್ತದೆ. ಯಾಕ್ರೀ ಹೀಗೆ?
— ಬಟ್ಟೆ ವ್ಯಾಪಾರಿ, ಕಲಬುರಗಿ

ಒಂದು ಹಿಜರಿ ಲೆಕ್ಕ, ಇನ್ನೊಂದು ಪಂಚಾಂಗ. ಎರಡೂ ಚಂದ್ರನನ್ನೇ ನೋಡುತ್ತವೆ. ಪಂಚಾಂಗ ಸುಮಾರು 32–33 ತಿಂಗಳಿಗೊಮ್ಮೆ ಅಧಿಕಮಾಸ ಸೇರಿಸಿ ಋತುವಿನ ಜೊತೆ ಹೆಜ್ಜೆ ಸರಿ ಮಾಡಿಕೊಳ್ಳುತ್ತದೆ. ಹಿಜರಿಯಲ್ಲಿ ಅಧಿಕಮಾಸವಿಲ್ಲ.

ಖ್ವಾಜಾ ಬಂದೇ ನವಾಜ್ ಗೇಸುದರಾಜರು ತೀರಿಕೊಂಡದ್ದು ಹಿಜರಿ 825ರ ಜಿಲ್‌ಖಾದ್ 16ರಂದು, ಅಂದರೆ 1422ರ ನವೆಂಬರ್ 1. (ಮೇಲಿನ ಲೆಕ್ಕ ಇಲ್ಲಿ ಚೊಕ್ಕವಾಗಿ ಬರುತ್ತದೆ: 825ನ್ನು 33ರಿಂದ ಭಾಗಿಸಿದರೆ 25, 800ಕ್ಕೆ 622 ಸೇರಿಸಿದರೆ 1422.) ದಖ್ಖನಿಯಲ್ಲಿ ಹಳಬರು ಆ ತಿಂಗಳನ್ನೇ ‘ಬಂದೇ ನವಾಜ್ ತಿಂಗಳು’ ಎನ್ನುವುದುಂಟು. 15ರಂದು ಮಹಬೂಬ್ ಗುಲ್ಶನ್‌ನಿಂದ ಗಂಧದ ಮೆರವಣಿಗೆ, 16ರಂದು ದೀಪ. ನಿಮ್ಮ ವ್ಯಾಪಾರಕ್ಕೆ ಮುಂಚಿತವಾಗಿ ತಿಳಿಯಬೇಕಿದ್ದರೆ ಈ ವರ್ಷದ ತಾರೀಖಿನಿಂದ 11 ದಿನ ಹಿಂದಕ್ಕೆ ಎಣಿಸಿ, ಆದರೆ ಸರಕಿನ ಗಾಡಿಯನ್ನು ಅದೇ ದಿನಕ್ಕೆ ಗೊತ್ತು ಮಾಡಬೇಡಿ. ಚಂದ್ರ ಕಂಡ ಮೇಲೆಯೇ ತಿಂಗಳು ಶುರು, ಒಂದು ದಿನ ಅತ್ತಿತ್ತ ಆಗುತ್ತದೆ. ಇನ್ನೊಂದು ಗೊಂದಲ, ಹಿಜರಿ ದಿನ ಹುಟ್ಟುವುದು ಸೂರ್ಯ ಮುಳುಗಿದಾಗ. 16ರ ರಾತ್ರಿ ಎಂದರೆ ನಮ್ಮ ಲೆಕ್ಕದಲ್ಲಿ ಅದರ ಹಿಂದಿನ ಸಂಜೆ.

ಅಷ್ಟೂರಿನದು ಬೇರೆಯೇ ಕಥೆ. ಬಹಮನಿ ಸುಲ್ತಾನ ಅಹ್ಮದ್ ಶಾಹ ವಲಿಯನ್ನು ಇಲ್ಲಿಯ ಲಿಂಗಾಯತರು ಅಲ್ಲಮಪ್ರಭು ಎಂದೇ ಕಾಣುತ್ತಾರೆ. ಕಲಬುರಗಿ ಕಡೆಯ ಮಾಡ್ಯಾಳದಿಂದ ಜಂಗಮರು ಬಂದು ಪೂಜೆ ಸಲ್ಲಿಸುತ್ತಾರೆ. ಹಾಗಾಗಿ ದಿನವೂ ಪಂಚಾಂಗದ್ದು. ಅವನ ಗೋರಿಯ ಗುಮ್ಮಟದ ಒಳಗೆ ತಲೆ ಎತ್ತಿದರೆ, ಇರಾನಿನ ಕೆರ್ಮಾನ್ ಹತ್ತಿರದ ಮಾಹಾನ್ ಎಂಬ ಊರಿನ ಸಂತ ಶಾಹ್ ನಿಅಮತುಲ್ಲಾರ ಗುರುಪರಂಪರೆ ಬಣ್ಣದ ಅಕ್ಷರದಲ್ಲಿದೆ. ಬರೆದ ಕಲಾವಿದ ಕಜ್ವೀನ್‌ನ ಶುಕ್ರುಲ್ಲಾ. ಅಹ್ಮದ್ ಶಾಹ ಕರೆದರೂ ನಿಅಮತುಲ್ಲಾ ತಾವು ಬರಲಿಲ್ಲ, ಮೊಮ್ಮಗನನ್ನು ಕಳಿಸಿದರು. 1431ರಲ್ಲಿ ಅವರು ತೀರಿದ ಮೇಲೆ ಮಗ ಖಲೀಲುಲ್ಲಾ ಬೀದರಿಗೇ ಬಂದು ನೆಲೆಸಿದರು. ಬೀದರಿನಿಂದ ಅಷ್ಟೂರಿಗೆ ಹೋಗುವ ದಾರಿಯ ಚೌಖಂಡಿ ಎಂಬ ಗೋರಿ ಅವರದೇ. ಮಾಹಾನ್‌ನ ದರ್ಗಾ ಎದ್ದದ್ದು ನಮ್ಮ ಅಹ್ಮದ್ ಶಾಹ ಕೊಟ್ಟ ಹಣದಲ್ಲಿ. ಅಷ್ಟೂರಿಗೆ ಹೋಗುವಾಗ ಬ್ಯಾಟರಿ ಒಯ್ಯಿರಿ, ಒಳಗೆ ಕತ್ತಲೆ. ಗೋಡೆಗೆ ಕೈ ತಾಗಿಸಬೇಡಿ. ಬೆವರಿನ ಎಣ್ಣೆಗೆ ಧೂಳು ಅಂಟಿ ಬಣ್ಣ ಮಂಕಾಗುತ್ತದೆ.

ಕಲಬುರಗಿ ಕೋಟೆಯ ಜಾಮಿ ಮಸೀದಿ ಸ್ಪೇನಿನ ಕಾರ್ಡೊಬಾ ಮಸೀದಿಯ ನಕಲು ಎಂದು ಗೈಡುಗಳು ಹೇಳುತ್ತಾರೆ. ನಿಜವೇ?
— ಶಿಕ್ಷಕರು, ಚಿತ್ತಾಪುರ

ಅಲ್ಲ. ಮಕ್ಕಳಿಗೆ ದಯವಿಟ್ಟು ಹಾಗೆ ಹೇಳಬೇಡಿ. ಕಾರ್ಡೊಬಾದ ಮಸೀದಿ 1236ರಲ್ಲೇ ಚರ್ಚಾಗಿತ್ತು. ನಮ್ಮದರ ಶಾಸನ ಹಿಜರಿ 769, ಅಂದರೆ 1367, ಅದಾಗಿ 131 ವರ್ಷದ ಮೇಲೆ. ಕಾರ್ಡೊಬಾದಲ್ಲಿ ಕಿತ್ತಳೆ ಮರಗಳ ದೊಡ್ಡ ಅಂಗಳವಿದೆ. ನಮ್ಮ ಮಸೀದಿಯ ಹೆಗ್ಗಳಿಕೆಯೇ ಅಂಗಳವಿಲ್ಲದಿರುವುದು, ಪೂರಾ ಮೇಲೆ ಮುಚ್ಚಿದೆ. ಅಲ್ಲಿ ತೆಳು ಕಂಬಗಳ ಮೇಲೆ ಕೆಂಪು–ಬಿಳಿ ಪಟ್ಟೆಯ, ಎರಡಂತಸ್ತಿನ ಕಮಾನು (ಕೆಳಗಿನದು ಕುದುರೆ ಲಾಳದ ಆಕಾರದ್ದು), ಮೇಲೆ ಮರದ ಛಾವಣಿ. ಇಲ್ಲಿ ದಪ್ಪ ಕಂಬಗಳ ಮೇಲೆ ಚೂಪು ಕಮಾನು, ಮೇಲೆ ಸಾಲು ಸಾಲು ಸಣ್ಣ ಗುಮ್ಮಟ, ನಾಲ್ಕು ಮೂಲೆಗೆ ನಾಲ್ಕು, ಮಿಹ್ರಾಬಿನ (ಮೆಕ್ಕಾ ದಿಕ್ಕು ತೋರುವ ಗೋಡೆಯ ಗೂಡಿನ) ಮುಂದೆ ದೊಡ್ಡದೊಂದು. ಒಳಗೆ ನಿಂತಾಗ ಕಮಾನಿನ ಹಿಂದೆ ಕಮಾನು ಕಾಣುವುದೊಂದೇ ಹೋಲಿಕೆ.

ಶಾಸನದಲ್ಲಿ ಹೆಸರೇ ಇದೆ: ಕಜ್ವೀನ್‌ನ ಮನ್ಸೂರನ ಮಗ ಶಮ್ಸ್, ಅವನ ಮಗ ರಫೀ. ಕಜ್ವೀನ್ ಇರುವುದು ಇರಾನಿನಲ್ಲಿ. ಪಕ್ಕದ ಮೊಗಸಾಲೆಗಳಲ್ಲಿ ಗಿಡ್ಡ ಕಂಬದಿಂದಲೇ ಎದ್ದು ಅಗಲಕ್ಕೆ ಚಾಚಿದ ಕಮಾನುಗಳನ್ನು ಮಕ್ಕಳಿಗೆ ತೋರಿಸಿ. ಅದನ್ನು ಯಾರ ನಕಲೂ ಎನ್ನಬೇಕಿಲ್ಲ.

ವಿಜಯಪುರದ ಸುಲ್ತಾನರ ಗೋರಿ ನಮ್ಮ ಗೋಗಿಯಲ್ಲಿ ಯಾಕೆ ಇದೆ?
— ಶಹಾಪುರ ತಾಲೂಕಿನ ಓದುಗರು

ಗೋಗಿಯ ಸಂತ ಚಂದಾ ಹುಸೇನಿಯವರ ಮೇಲೆ ಆದಿಲಶಾಹಿ ಮನೆತನದ ಮೊದಲಿಗ ಯೂಸುಫನಿಗೆ ಭಕ್ತಿಯಿತ್ತು. 1510ರಲ್ಲಿ ಯೂಸುಫ್, 1534ರಲ್ಲಿ ಇಸ್ಮಾಯಿಲ್, 1558ರಲ್ಲಿ ಮೊದಲನೆಯ ಇಬ್ರಾಹಿಂ, ಮೂವರೂ ಸಂತರ ಸನ್ನಿಧಿಗೇ ಬಂದರು. ವಿಜಯಪುರದಲ್ಲಿ ಮಣ್ಣಾದ ಮೊದಲ ಸುಲ್ತಾನ 1580ರಲ್ಲಿ ತೀರಿದ ಮೊದಲನೆಯ ಅಲಿ. ಗೋಳಗುಮ್ಮಟದ ಗಾತ್ರವನ್ನು ಗೋಗಿಯಲ್ಲಿ ಹುಡುಕಬೇಡಿ. ಯೂಸುಫ್ ತುರ್ಕಿಯ ರಾಜಕುಮಾರ, ಇರಾನಿನ ಸಾವಾದಲ್ಲಿ ಬೆಳೆದವನು ಎಂಬುದು ಚರಿತ್ರೆಕಾರ ಫರಿಷ್ತಾ ಬರೆದ ಕಥೆ. ರಾಜಕುಮಾರ ಎಂಬ ಭಾಗವನ್ನು ಇತಿಹಾಸಕಾರರು ಅಷ್ಟಾಗಿ ನಂಬುವುದಿಲ್ಲ.

ನೌಬಾದಿನ ಕರೇಜಿನಲ್ಲಿ ಮೋಟಾರಿಲ್ಲದೆ ನೀರು ಹೆಂಗ ಹರಿಯಿತು? ನಮ್ಮ ಪ್ಲಾಟಿನಲ್ಲಿ ಹಳೆಯ ಬಾವಿಯಂಥದ್ದು ಸಿಕ್ಕಿದೆ, ಮಣ್ಣು ಹಾಕಿ ಮುಚ್ಚಬಹುದೇ?
— ಬೀದರ್ ಓದುಗರು

ಮುಚ್ಚಬೇಡಿ. ಮೊದಲು ಅದು ಕೆಲಸ ಮಾಡುವ ಬಗೆ ತಿಳಿಯಿರಿ.

ನೆಲದಡಿಯ ಸುರಂಗದಲ್ಲಿ ನೀರು ತರುವ ಇರಾನಿನ ಕನಾತ್‌ನ ವಿದ್ಯೆಯೇ ಬೀದರಿನ ಕರೇಜ್. ದಿಣ್ಣೆಯ ಕಡೆ ಮೊದಲು ತಾಯಿಬಾವಿ ತೋಡಿ ಜಲ ನೋಡುತ್ತಾರೆ. ಸುರಂಗವನ್ನು ಅಲ್ಲಿಂದ ಕೊರೆಯುವುದಿಲ್ಲ, ತಗ್ಗಿನಲ್ಲಿ ನೀರು ಹೊರಬೀಳಬೇಕಾದ ಬಾಯಿಯಿಂದ ಮೇಲಕ್ಕೆ ಕೊರೆಯುತ್ತಾರೆ. ಹಾಗಾದರೆ ಜಲ ಒಡೆದಾಗ ನೀರು ತಾನೇ ಕೆಳಗೆ ಹರಿದು ಹೋಗುತ್ತದೆ, ಆಳು ಮುಳುಗುವುದಿಲ್ಲ. ನಡುನಡುವೆ ಮೇಲಿನಿಂದ ಗಾಳಿಬಾವಿಗಳನ್ನು ಇಳಿಸುತ್ತಾರೆ. ಮಣ್ಣು ಮೇಲೆತ್ತುವುದೂ ಉಸಿರಾಟವೂ ಅವುಗಳಿಂದಲೇ. ನೌಬಾದಿನಲ್ಲಿ ಇಂಥ 21 ಗಾಳಿಬಾವಿಗಳನ್ನು ಗುರುತಿಸಿದ್ದಾರೆ. ಇಳಿಜಾರು ತೀರಾ ಕಡಿಮೆ, ಇರಾನಿನ ಉದ್ದದ ಕನಾತ್‌ಗಳಲ್ಲಿ ಸಾವಿರ ಅಡಿಗೆ ಒಂದೋ ಎರಡೋ ಅಡಿ. ಇಳಿಜಾರು ಹೆಚ್ಚಾದರೆ ನೀರಿನ ರಭಸಕ್ಕೆ ತಳ ಕೊರೆದು ಸುರಂಗ ಕುಸಿಯುತ್ತದೆ. ಕಡಿಮೆಯಾದರೆ ಹೂಳು ನಿಲ್ಲುತ್ತದೆ. ಬೀದರಿನ ನೆಲ ಇದಕ್ಕೆ ಹೇಳಿ ಮಾಡಿಸಿದಂತಿದೆ. ಮೇಲಿನ ಕೆಂಪು ಕಲ್ಲು ಮಳೆ ಕುಡಿಯುತ್ತದೆ, ಕೆಳಗಿನ ಕರಿಕಲ್ಲು ಅದನ್ನು ತಡೆದು ನಿಲ್ಲಿಸುತ್ತದೆ.

ಕೆಡುವುದು ಮೂರು ದಾರಿಯಲ್ಲಿ. ಸುತ್ತ ಆಳದ ಬೋರ್‌ವೆಲ್ ಕೊರೆದರೆ ಜಲಮಟ್ಟ ಸುರಂಗಕ್ಕಿಂತ ಕೆಳಗಿಳಿದು ಕರೇಜ್ ಒಣಗುತ್ತದೆ. ಗಾಳಿಬಾವಿಗೆ ಕಸ ಸುರಿದರೆ, ಚರಂಡಿ ಬಿಟ್ಟರೆ, ಅದು ಸೀದಾ ಕುಡಿಯುವ ನೀರಿಗೇ ಬಿದ್ದಂತೆ. ಮಣ್ಣು ತುಂಬಿದರೆ ಅದು ಬಾವಿಯಲ್ಲಿ ನಿಲ್ಲದೆ ಸುರಂಗಕ್ಕೆ ಜಾರಿ ಅಡ್ಡಗಟ್ಟುತ್ತದೆ. ಹಿಂದಿನ ನೀರು ಏರಿ ಕೆಂಪು ಕಲ್ಲು ಮೆತ್ತಗಾಗಿ, ನೆಲವೇ ಕುಸಿಯಬಹುದು. ಆಗ ಅಪಾಯ ನಿಮ್ಮ ಮನೆಯ ಪಾಯಕ್ಕೇ.

ಇದೇ ಸಾಲಿನಲ್ಲಿ, ಸುಮಾರು ಸಮ ದೂರದಲ್ಲಿ ಇನ್ನೂ ಇಂಥ ಬಾಯಿಗಳಿವೆಯೇ ನೋಡಿ. ಇದ್ದರೆ ಅದು ಬಿಡಿ ಬಾವಿಯಲ್ಲ, ಗಾಳಿಬಾವಿ. ಒಳಗೆ ಯಾರನ್ನೂ ಇಳಿಸಬೇಡಿ. ಮುಚ್ಚಿದ ಸುರಂಗದಲ್ಲಿ ಕೆಟ್ಟ ಗಾಳಿ ನಿಂತಿರುತ್ತದೆ. ಸುತ್ತ ಎರಡು ಮೂರು ಅಡಿ ಕಟ್ಟೆ ಎತ್ತಿಸಿ, ಮಳೆನೀರು ಹೊರಗಿನಿಂದ ನುಗ್ಗದಂತೆ ನೆಲವನ್ನು ಹೊರಕ್ಕೆ ಇಳಿಜಾರು ಮಾಡಿ, ಮೇಲೆ ಕಬ್ಬಿಣದ ಜಾಳಿಗೆ ಹಾಕಿಸಿ. ಗಾಳಿ ಆಡಲಿ, ಮಗು ಬೀಳದಿರಲಿ. ಶೌಚದ ಗುಂಡಿಯನ್ನು ಪ್ಲಾಟಿನ ಇನ್ನೊಂದು ತುದಿಗೆ ಒಯ್ಯಿರಿ. ಪಾಯ ತೆಗೆಸುವ ಮೊದಲು ಪುರಾತತ್ವ ಇಲಾಖೆಯ ಕಚೇರಿಗೆ ಫೋಟೊ ಸಮೇತ ಅರ್ಜಿ ಕೊಟ್ಟು, ಸುರಂಗ ಯಾವ ದಿಕ್ಕಿಗೆ ಹೋಗಿದೆ ಎಂದು ಗುರುತು ಹಾಕಿಸಿಕೊಳ್ಳಿ.