ಕೊಲೋಸಸ್ ಒಡೆದಿದ್ದು ಎನಿಗ್ಮಾನ ಅಲ್ಲ, ಲೊರೆಂಟ್ಸ್‌ನ

ಎರಡನೇ ಮಹಾಯುದ್ಧದಲ್ಲಿ ಬ್ರಿಟಿಷರು ಕೊಲೋಸಸ್ ಅನ್ನೋ ಎಲೆಕ್ಟ್ರಾನಿಕ್ ಮೆಷಿನ್ ಕಟ್ಟಿದ್ದು ಜರ್ಮನ್ನರ ಗುಪ್ತಲಿಪಿ ಮೆಷಿನ್ ಎನಿಗ್ಮಾನ ಒಡೆಯೋಕೇನಾ ಅಂತ ಕೇಳಿದೀರಲ್ಲ, ಅಲ್ಲ. ಎನಿಗ್ಮಾಗೆ ಇದ್ದಿದ್ದು ಟ್ಯೂರಿಂಗ್ ಮತ್ತೆ ವೆಲ್ಶ್‌ಮನ್ ಡಿಸೈನ್ ಮಾಡಿದ ಬಾಂಬ್ ಅನ್ನೋ ಮೆಷಿನ್, ಅದಕ್ಕೂ ಮೊದಲು 1932ರಲ್ಲೇ ಪೋಲೆಂಡಿನ ಗಣಿತಜ್ಞ ರೆಯೆವ್‌ಸ್ಕಿ ದಾರಿ ತೋರಿಸಿದ್ರು. ಕೊಲೋಸಸ್ ಬಂದಿದ್ದು ಲೊರೆಂಟ್ಸ್‌ಗೋಸ್ಕರ, ಜರ್ಮನಿಯ ಹೈಕಮಾಂಡ್ ಟೆಲಿಪ್ರಿಂಟರ್‌ಗೆ ಜೋಡಿಸಿಕೊಂಡಿದ್ದ, ಮೆಸೇಜನ್ನ ಗುಪ್ತಲಿಪಿ ಮಾಡೋ 12 ಚಕ್ರದ ಮೆಷಿನ್ ಅದು.

ಇದರ ಕತೆ ನಂಗೆ ಎನಿಗ್ಮಾಗಿಂತ ದೊಡ್ಡದು ಅನ್ಸುತ್ತೆ. 1941ರ ಆಗಸ್ಟ್ 30ಕ್ಕೆ ಒಬ್ಬ ಜರ್ಮನ್ ಆಪರೇಟರ್ ಸುಮಾರು 4000 ಅಕ್ಷರದ ಮೆಸೇಜ್ ಕಳಿಸ್ದ, ಆ ಕಡೆಯವನು ಸರಿಯಾಗಿ ಬಂದಿಲ್ಲ ಇನ್ನೊಂದ್ಸಲ ಕಳ್ಸು ಅಂದ, ಇವನು ಚಕ್ರಗಳ ಸೆಟ್ಟಿಂಗ್ ಬದಲಾಯಿಸದೆ ಅದನ್ನೇ ಮತ್ತೆ ಟೈಪ್ ಮಾಡ್ದ, ಆದ್ರೆ ಅಲ್ಲಲ್ಲಿ ಪದಗಳನ್ನ ಮೊಟಕು ಮಾಡ್ಬಿಟ್ಟ. ಅಷ್ಟು ಸಾಕಾಯ್ತು. ಬ್ರಿಟಿಷರ ಕೋಡ್ ಒಡೆಯೋ ಕೇಂದ್ರ ಬ್ಲೆಚ್ಲಿ ಪಾರ್ಕಿನ ಜಾನ್ ಟಿಲ್ಟ್‌ಮನ್ ಎರಡನ್ನೂ ಪಕ್ಕಪಕ್ಕ ಇಟ್ಟು ಕೀ, ಅಂದ್ರೆ ಮೆಸೇಜನ್ನ ಮರೆಮಾಚೋಕೆ ಮೆಷಿನ್ ಸೇರಿಸ್ತಿದ್ದ ಅಕ್ಷರಗಳ ಸಾಲು, ಬೇರೆ ಮಾಡಿದ್ರು, ಆಮೇಲೆ ಬಿಲ್ ಟಟ್ ಅನ್ನೋ 24 ವರ್ಷದ ಹುಡುಗ, ಕೆಮಿಸ್ಟ್ರಿ ಓದಿ ಬಂದವರು, ಆ ಕೀನ ಸಾಲುಸಾಲಾಗಿ ಬರೆದು 41ಕ್ಕೊಂದ್ಸಲ ಏನೋ ತಿರುಗಿ ಬರ್ತಿದೆ ಅಂತ ಪತ್ತೆ ಹಚ್ಚಿದ್ರು. ಅಲ್ಲಿಂದ ಇಡೀ ಮೆಷಿನ್ನಿನ ರಚನೆ ಸಿಕ್ತು, ಮೆಷಿನ್ನನ್ನ ಕಣ್ಣಲ್ಲೂ ನೋಡದೆ! ಟ್ಯೂರಿಂಗ್ ಹೆಸರು ಹೇಳೋ ಕಡೆ ಟಟ್ ಹೆಸರೂ ಬರ್ಲೇಬೇಕು.

ಕೊಲೋಸಸ್ ಕಟ್ಟಿದ್ದು ಪೋಸ್ಟ್ ಆಫೀಸ್ ಇಂಜಿನಿಯರ್ ಟಾಮಿ ಫ್ಲವರ್ಸ್, 1944ರ ಶುರುವಲ್ಲಿ ಬ್ಲೆಚ್ಲಿಗೆ ಬಂತು, ಸುಮಾರು 1600 ಎಲೆಕ್ಟ್ರಾನಿಕ್ ವಾಲ್ವ್ (ಹಳೇ ರೇಡಿಯೋದಲ್ಲಿರ್ತಿದ್ದ ಥರದ ಗಾಜಿನ ಟ್ಯೂಬ್), ಸೆಕೆಂಡಿಗೆ 5000 ಅಕ್ಷರ ಓದೋದು. ಆದ್ರೆ ಅದು ಮೆಸೇಜನ್ನ ಪೂರ್ತಿ ಬಿಡಿಸಿ ಕೊಡ್ತಿರ್ಲಿಲ್ಲ, ಲೆಕ್ಕ ಹಾಕಿ ಚಕ್ರಗಳು ಎಲ್ಲಿಂದ ಶುರುವಾಗಿವೆ ಅಂತ ಹುಡುಕೋದು ಅದರ ಮುಖ್ಯ ಕೆಲಸ, ಉಳಿದಿದ್ದರಲ್ಲಿ ಬಹಳಷ್ಟನ್ನ ಜನಾನೇ ಕೈಯಲ್ಲಿ ಮಾಡ್ತಿದ್ರು.