ಸೇನೆಯ ಗುಪ್ತಚರ ವಿಭಾಗಕ್ಕೆ ಹೋದರೆ ಜನರಲ್ ಆಗಬಹುದೇ?

ಪುಣೆಯಲ್ಲಿ ಓದುತ್ತಿರುವ ನಿಮ್ಮ ಮಗನಿಗೆ ಎನ್‌ಡಿಎ (ರಾಷ್ಟ್ರೀಯ ರಕ್ಷಣಾ ಅಕಾಡೆಮಿ) ಮುಗಿಸಿ ಮಿಲಿಟರಿ ಇಂಟೆಲಿಜೆನ್ಸ್‌ಗೆ ಹೋಗುವ ಆಸೆ, ಅಲ್ಲಿ ಎಷ್ಟು ಮೇಲೇರಬಹುದು ಅಂತ ಕೇಳಿದ್ದೀರಿ.

ಖಡಕ್‌ವಾಸ್ಲಾದ ಎನ್‌ಡಿಎಯಲ್ಲಿ 3 ವರ್ಷ, ಡೆಹ್ರಾಡೂನ್‌ನ ಸೇನಾ ಅಕಾಡೆಮಿಯಲ್ಲಿ 1 ವರ್ಷ. ಆಮೇಲೆ ಲೆಫ್ಟಿನೆಂಟ್. ಗುಪ್ತಚರ ತರಬೇತಿಗೆ ಹೆಸರಾದ ಸೇನಾ ಶಾಲೆ ನಮ್ಮ ಪುಣೆಯಲ್ಲೇ ಇದೆ. ನಾವು ಅದರ ಗೇಟಿನ ಮುಂದೆ ಸುಮ್ನೆ ಓಡಾಡಿಕೊಂಡಿರುತ್ತೇವೆ ಅಷ್ಟೆ!

ಲೆಫ್ಟಿನೆಂಟ್ ಕರ್ನಲ್‌ವರೆಗೆ ಬಡ್ತಿ ಹೆಚ್ಚುಕಡಿಮೆ ಸೇವಾವಧಿ ನೋಡಿ ಬರುತ್ತದೆ, ಸುಮಾರು 13 ವರ್ಷಕ್ಕೆ. ಕಷ್ಟ ಶುರುವಾಗುವುದು ಕರ್ನಲ್‌ನಿಂದ. ಅಲ್ಲಿಂದ ಮೇಲೆ ಆಯ್ಕೆ ಮಂಡಳಿ ಒಪ್ಪಬೇಕು. ಬಹಳ ಜನ ಅಲ್ಲೇ ಉಳಿದುಬಿಡುತ್ತಾರೆ.

ಒಂದು ಮಾತು ಜಾಸ್ತಿ ಜನರಿಗೆ ಗೊತ್ತಿಲ್ಲ. ಗುಪ್ತಚರದ ಮೇಲಿನ ಕುರ್ಚಿಗೆ ಅದೇ ವಿಭಾಗದಲ್ಲಿ ಬೆಳೆದವರೇ ಬರಬೇಕೆಂದಿಲ್ಲ. ದೆಹಲಿಯಲ್ಲಿ ಮಿಲಿಟರಿ ಇಂಟೆಲಿಜೆನ್ಸ್ ಮುಖ್ಯಸ್ಥರು ಲೆಫ್ಟಿನೆಂಟ್ ಜನರಲ್ ದರ್ಜೆಯವರು. ಕಾರ್ಗಿಲ್ ಯುದ್ಧದ ಪಾಠದಿಂದ 2002ರಲ್ಲಿ ಮೂರೂ ಪಡೆಗಳಿಗಾಗಿ ಡಿಫೆನ್ಸ್ ಇಂಟೆಲಿಜೆನ್ಸ್ ಏಜೆನ್ಸಿ ಹುಟ್ಟಿತು. ಅದರ ಮೊದಲ ಮುಖ್ಯಸ್ಥ ಲೆಫ್ಟಿನೆಂಟ್ ಜನರಲ್ ಕಮಲ್ ದಾವರ್ ಟ್ಯಾಂಕ್ ಪಡೆಯಿಂದ ಬಂದವರು. ಹಾಗಾಗಿ ಕಾಲಾಳು ಪಡೆ ಸಿಕ್ಕಿದರೂ ನಿಮ್ಮ ಮಗ ಬೇಸರ ಪಡಬೇಕಿಲ್ಲ.

ಸಿನಿಮಾದ ಗೂಢಚಾರನ ಚಿತ್ರ ಮಾತ್ರ ತಲೆಯಿಂದ ತೆಗೆಯಲಿ. ಕೆಲಸದ ಬಹುಪಾಲು ನಕ್ಷೆ, ಫೋಟೋ, ವರದಿಗಳನ್ನು ಜೋಡಿಸಿ ಎದುರಾಳಿ ಮುಂದೇನು ಮಾಡಬಹುದು ಅಂತ ಹೇಳುವುದು. ಚೀನೀ ಭಾಷೆಯಂಥದ್ದು ಕಲಿತವರಿಗೆ ಇಲ್ಲಿ ಬೆಲೆ ಇದೆ. ಮನೆಯಲ್ಲಿ ಕನ್ನಡ, ಬೀದಿಯಲ್ಲಿ ಮರಾಠಿ, ಶಾಲೆಯಲ್ಲಿ ಇಂಗ್ಲಿಷ್, ಹಿಂದಿ ಆಡಿ ಬೆಳೆದ ಪುಣೆಯ ಹುಡುಗನಿಗೆ ಇನ್ನೊಂದು ಭಾಷೆ ಅಷ್ಟು ಭಾರವಾಗಲಾರದು, ಅಲ್ವಾ?